ಹಾಗಲಕಾಯಿ ಹಿಂಡಿದ್ದು ಯಾರು

ಹೆಂಡತಿಯ ಬಲಗೈಗೆ ಪ್ಲಾಸ್ಟರ್ ಹಾಕಿಸಿದ ನಾಲ್ಕನೇ ದಿನ ಅತ್ತೆಯ ಫೋನು ಬಂತು. "ಭಾನುವಾರ ಊಟಕ್ಕೆ ಬರ್ತೀನಿ. ಹೊಟ್ಟೆಗೆ ನೆಟ್ಟಗೆ ಬೀಳ್ತಿದ್ರೆ ಸರಿ, ಇಲ್ಲಾಂದ್ರೆ ಮಗಳನ್ನ ಜೊತೇಲೇ ಕರ್ಕೊಂಡು ಹೋಗ್ತೀನಿ. ಕೈ ಕೂಡೋವರೆಗೂ ನಮ್ಮನೇಲೇ ಇರ್ಲಿ." ಕೈ ಕೂಡಲು ಆರು ವಾರ. ಮೆಕ್ಯಾನಿಕ್ ಗಂಡ ಕ್ಯಾಲೆಂಡರಿನ ಮುಂದೆ ನಿಂತು ಎರಡೆರಡು ಸಲ ಎಣಿಸಿದ.

ಮೆಕ್ಯಾನಿಕ್ ಅಂದರೆ ವಾಷಿಂಗ್ ಮೆಷಿನ್ ಮೆಕ್ಯಾನಿಕ್. ಸುತ್ತಮುತ್ತಲ ನಾಲ್ಕು ಬೀದಿಯ ಬಟ್ಟೆ ಇವನ ದಯೆಯಿಂದ ಒಣಗುತ್ತಿತ್ತು. ಒಲೆಯ ಮುಂದೆ ಮಾತ್ರ, ಹಾಲು ಉಕ್ಕುವುದನ್ನು ನೋಡುತ್ತಲೇ ನಿಂತಿರುವ ಪುಣ್ಯಾತ್ಮ. ಹದಿನಾಲ್ಕು ವರ್ಷದ ಸಂಸಾರದಲ್ಲಿ ಹೆಂಡತಿಯನ್ನು ಒಂದು ವಾರವೂ ಬಿಟ್ಟಿದ್ದವನಲ್ಲ. ಆದರೆ ನೀನಿಲ್ಲದೆ ಆಗುವುದಿಲ್ಲ ಎಂದು ಬಾಯಿಬಿಟ್ಟು ಹೇಳಿದರೆ ಎಲ್ಲಿ ಮೀಸೆ ಉದುರಿಹೋಗುತ್ತದೋ ಎಂಬ ಭಯ. "ನೀನು ಹೋಗ್ತೀಯಾ?" ಎಂದು ಕೇಳಿದ್ದಕ್ಕೆ ಅವಳು, "ಅಮ್ಮ ಅಷ್ಟು ಕರೆದ್ರೆ ನೋಡೋಣ," ಅಂದಿದ್ದಳು. ಆ 'ನೋಡೋಣ' ಅವನ ನಿದ್ದೆ ಕೆಡಿಸಿತ್ತು.

"ಅಮ್ಮನಿಗೆ ಹಾಗಲಕಾಯಿ ಪಲ್ಯ ಅಂದ್ರೆ ಪ್ರಾಣ. ಅದೊಂದು ಚೆನ್ನಾಗಾದ್ರೆ ಬೇರೇದಕ್ಕೆ ಮೂಗು ಮುರಿಯಲ್ಲ," ಎಂದು ಅವಳೇ ದಾರಿ ತೋರಿಸಿದಳು.

ಭಾನುವಾರ ಬೆಳಿಗ್ಗೆ ಅವಳು ಅಡುಗೆಮನೆಯಲ್ಲಿ ಕುರ್ಚಿ ಹಾಕಿಕೊಂಡು ಕೂತಳು. ಇವನು ಎರಡು ಕಿಲೋ ಹಾಗಲಕಾಯಿಯನ್ನು ವಾಷರ್‌ಗಳಂತೆ ಒಂದೇ ದಪ್ಪಕ್ಕೆ ಬಿಲ್ಲೆ ಬಿಲ್ಲೆಯಾಗಿ ಹೆಚ್ಚಿದ. ಉಪ್ಪು, ಅರಿಶಿನ ಸವರಿ ಅರ್ಧ ಗಂಟೆ ಬಿಟ್ಟಿದ್ದಾಯಿತು.

"ಈಗ ಚೆನ್ನಾಗಿ ಹಿಂಡಿ. ಒಂದು ತೊಟ್ಟೂ ನೀರು ಉಳೀಬಾರ್ದು. ಆಮೇಲೆ ಹುರೀರಿ," ಎಂದು ಅವಳು ಮಲಗಲು ಹೋದಳು.

ಇಂಥ ಮಾತನ್ನು ಇಂಥವನಿಗೆ ಹೇಳಬಾರದಿತ್ತು. ಮುಷ್ಟಿಯಲ್ಲಿ ಹಿಂಡಿದ, ನೀರು ಬಂತು. ಮತ್ತೆ ಹಿಂಡಿದ, ಮತ್ತೂ ಬಂತು. ತನ್ನ ಕೈಯನ್ನೇ ತಾತ್ಸಾರದಿಂದ ನೋಡಿದ. ಜನ ಕೈಯನ್ನು ನಂಬಿ ಕೂತಿದ್ದರೆ ಅವನ ಕಸುಬೇ ಇರುತ್ತಿರಲಿಲ್ಲ.

ಹಾಗಂತ ಗಲೀಜು ಮನುಷ್ಯನಲ್ಲ. ಮನೆಯ ವಾಷಿಂಗ್ ಮೆಷಿನ್ನಿನ ಹಿಂಡುವ ತೊಟ್ಟಿಯನ್ನು ಮೂರು ಸಲ ಕುದಿಯುವ ನೀರಿನಲ್ಲಿ ತೊಳೆದ. ಬೀರುವಿನಿಂದ ಎರಡು ಹೊಸ ದಿಂಬಿನ ಕವರು ತೆಗೆದ. ಭಾರ ಒಂದೇ ಕಡೆ ಬಿದ್ದರೆ ಮೆಷಿನ್ನು ಕುಣಿಯುತ್ತದೆಂದು ಹಾಗಲಕಾಯಿಯನ್ನು ತಕ್ಕಡಿಯಲ್ಲಿ ಸಮನಾಗಿ ತೂಗಿ, ಎರಡು ಗಂಟು ಕಟ್ಟಿ, ಎದುರುಬದುರು ಕೂರಿಸಿ ಗುಂಡಿ ತಿರುಗಿಸಿದ.

"ರೀ, ಈಗ ಯಾಕ್ರೀ ಬಟ್ಟೆ ಹಾಕಿದ್ರಿ?" ಒಳಗಿನಿಂದ ಕೂಗು ಬಂತು.

"ಬಟ್ಟೆ ಅಲ್ಲ," ಎಂದು ಅಷ್ಟಕ್ಕೇ ನಿಲ್ಲಿಸಿದ. ಬಚ್ಚಲಿನಲ್ಲಿ ಹಸಿರು ನೀರು ಹರಿಯುತ್ತಿತ್ತು.

ಆಮೇಲೆ ಅವಳು ಎದ್ದುಬಂದು ಹೇಳಿದಂತೆ ಸಾಸಿವೆ ಸಿಡಿಸಿದ, ಬಿಲ್ಲೆಗಳನ್ನು ಹುರಿದ, ಹುಣಸೆರಸ, ಬೆಲ್ಲ, ಖಾರದ ಪುಡಿ, ಧನಿಯಾ ಪುಡಿ ಹಾಕಿದ. ಬಿಲ್ಲೆಗಳು ಬಾಯಾರಿದವರ ಹಾಗೆ ಮಸಾಲೆ ಕುಡಿದವು. "ಇಷ್ಟು ಒಣಗಿದ್ದು ಹೇಗ್ರೀ?" ಎಂದು ಅವಳು ಕೇಳಿದಾಗ, "ನೀನೇ ಹಿಂಡು ಅಂದ್ಯಲ್ಲ," ಎಂದ.

ಅತ್ತೆ ಬಂದರು, ಕೂತರು, ಒಂದು ತುತ್ತು ಬಾಯಿಗಿಟ್ಟು ಬಹಳ ಹೊತ್ತು ಅಗಿದರು.

"ಕಹಿ ಎಲ್ಲಿ ಹೋಯ್ತು? ನಲವತ್ತು ವರ್ಷದಿಂದ ಹಿಂಡ್ತಿದೀನಿ, ನನ್ನ ಕೈಗೇ ಇಷ್ಟು ಬರಲ್ಲ. ಯಾರು ಹಿಂಡಿದ್ದು?"

ಮೆಕ್ಯಾನಿಕ್ ಇದನ್ನು ಹೊಗಳಿಕೆ ಅಂದುಕೊಂಡು ಉಬ್ಬಿಹೋದ. "ಮೆಷಿನ್ನು ಅತ್ತೆ. ನಿಮಿಷಕ್ಕೆ ಸಾವಿರದ ಮುನ್ನೂರು ಸುತ್ತು."

"ಯಾವ ಮೆಷಿನ್ನು?"

"ಬಟ್ಟೆದು."

ಹೆಂಡತಿ ಪ್ಲಾಸ್ಟರಿನ ಕೈ ಮೇಲೆ ಹಣೆಯಿಟ್ಟಳು. ಅತ್ತೆ ತಟ್ಟೆಯನ್ನು ಪಕ್ಕಕ್ಕೆ ಸರಿಸಿದರು. "ಕಾಲುಚೀಲ ಹಾಕೋ ಮೆಷಿನ್ನಲ್ಲಿ ನನಗೆ ಊಟ. ಸಾಕಪ್ಪಾ ಸಾಕು. ಏಳೇ, ಬ್ಯಾಗು ತುಂಬ್ಕೋ."

ಕುದಿಯುವ ನೀರಿನ ಕತೆ, ಹೊಸ ಕವರಿನ ಕತೆ ಎಲ್ಲ ಹೇಳಿದ. ಅತ್ತೆ ಜಗ್ಗಲಿಲ್ಲ. ಕೊನೆಗೆ ಅವನ ಬಾಯಿಂದ ತಾನಾಗಿಯೇ ಬಂದುಬಿಟ್ಟಿತು.

"ಅತ್ತೆ, ಕರ್ಕೊಂಡು ಹೋಗ್ಬೇಡಿ. ಅಡುಗೆಗೋಸ್ಕರ ಅಲ್ಲ, ಊಟ ಹೋಟೆಲಲ್ಲೂ ಸಿಗತ್ತೆ. ಇವಳಿಲ್ದೆ ನನಗಾಗಲ್ಲ."

ಹೇಳಿ ಮುಗಿಸುವಷ್ಟರಲ್ಲಿ ಅವನ ಕಿವಿ ಕೆಂಪಾಗಿತ್ತು. ಹೆಂಡತಿ ಅವನನ್ನೇ ನೋಡಿದಳು. ಆಮೇಲೆ ಎಡಗೈ ಚಾಚಿ, ಅರ್ಧ ಚೆಲ್ಲಿ, ತನ್ನ ತಟ್ಟೆಗೆ ಪಲ್ಯ ಬಡಿಸಿಕೊಂಡು ಔಷಧಿ ನುಂಗುವವರ ಮುಖ ಮಾಡಿಕೊಂಡು ತಿನ್ನತೊಡಗಿದಳು.

ಅತ್ತೆ ಬಾಯಿ ಮೇಲೆ ಬೆರಳಿಟ್ಟರು. "ಹುಟ್ಟಿದಾಗಿನಿಂದ ಹಾಗಲಕಾಯಿ ಮುಟ್ಟಿದವಳಲ್ಲ ನೀನು. ಯಾವಾಗಿಂದ ಇಷ್ಟ ಆಯ್ತೇ?"

"ಇಷ್ಟ ಇಲ್ಲಮ್ಮ," ಎಂದು ಅವಳು ಇನ್ನೊಂದು ತುತ್ತು ಬಾಯಿಗಿಟ್ಟಳು.

ಅತ್ತೆ ಮಗಳ ಮುಖ ನೋಡಿದರು, ಅಳಿಯನ ಕಿವಿ ನೋಡಿದರು. "ಬ್ಯಾಗು ಬೇಡ ಬಿಡು," ಎಂದು ತಟ್ಟೆಯನ್ನು ಮತ್ತೆ ಮುಂದಕ್ಕೆ ಎಳೆದುಕೊಂಡರು.