ಅಕ್ಕೂರಿನ ಇಬ್ಬರು ಕರಿಯಪ್ಪಂದಿರು

ಮೆಹ್ರೀನ್‌ಗೆ ನಲವತ್ಮೂರು ವರ್ಷ. ಹದಿನೆಂಟು ವರ್ಷದಿಂದ ಅವಳು ಬರೆದಿದ್ದು ಮೊಬೈಲ್ ಆ್ಯಪುಗಳ ಪರದೆಗಳನ್ನು. ಒತ್ತುವ ಗುಂಡಿ, ತುಂಬುವ ಫಾರಂ, ಮೇಲೆ ಕೆಳಗೆ ಸರಿಯುವ ಪಟ್ಟಿ ಇಷ್ಟೇ ಅವಳ ಲೋಕ. ಆ ಪಟ್ಟಿಯ ಹೆಸರುಗಳು ಹಿಂದೆ ಎಲ್ಲಿ, ಹೇಗೆ ಕೂತಿರುತ್ತವೆ ಅನ್ನುವುದು ಬೇರೆಯವರ ತಲೆನೋವು ಅಂತ ಬಿಟ್ಟಿದ್ದಳು. ಬೆಳಿಗ್ಗೆ ಚನ್ನಪಟ್ಟಣದಲ್ಲಿ ರೈಲು ಹತ್ತಿ ರಾಮನಗರದಲ್ಲಿ ಇಳಿದರೆ ಸ್ಟೇಷನ್ನಿನಿಂದ ಹತ್ತು ನಿಮಿಷದ ನಡಿಗೆಯಲ್ಲಿ ಆಫೀಸು. ಒಂದು ಬೇಕರಿಯ ಮೇಲಿನ ಎರಡು ಕೋಣೆ, ನಾಲ್ಕು ಜನ.

ಆ ಆಫೀಸಿನವರು ಚಾಕಿ ಕೇಂದ್ರಗಳಿಗೆ ಸಾಫ್ಟ್‌ವೇರ್ ಮಾಡಿಕೊಟ್ಟಿದ್ದರು. ರೇಷ್ಮೆ ಮೊಟ್ಟೆಯನ್ನು ಒಡೆಸಿ, ಹುಳ ಎರಡನೇ ಸಲ ಪೊರೆ ಬಿಡುವ, ಅಂದರೆ ಎರಡನೇ ಜ್ವರ ಏಳುವ ತನಕ ಸಾಕಿ, ಆಮೇಲೆ ರೈತರಿಗೆ ಹಂಚುವ ಜಾಗಕ್ಕೆ ಚಾಕಿ ಕೇಂದ್ರ ಅನ್ನುತ್ತಾರೆ. ಚನ್ನಪಟ್ಟಣ, ಕನಕಪುರ, ಮಾಗಡಿ ತಾಲ್ಲೂಕುಗಳ ಏಳು ಕೇಂದ್ರಗಳು ಇವರ ಸಾಫ್ಟ್‌ವೇರ್ ಬಳಸುತ್ತಿದ್ದವು. ಯಾವ ರೈತನಿಗೆ ಒಟ್ಟಿಗೆ ಒಡೆಸಿದ ಯಾವ ತಂಡದ, ಅಂದರೆ ಯಾವ ಲಾಟಿನ, ಹುಳ ಯಾವ ದಿನ ಹೋಯಿತು ಅನ್ನುವುದೆಲ್ಲ ಅದರಲ್ಲಿ ದಾಖಲಾಗುತ್ತಿತ್ತು.

ಆ ದಾಖಲೆಗಳ ಡೇಟಾಬೇಸ್ ನೋಡಿಕೊಳ್ಳುತ್ತಿದ್ದ ಪ್ರಕಾಶ್ ಫೆಬ್ರವರಿಯಲ್ಲಿ ಕೆಲಸ ಬಿಟ್ಟು ಮಾಗಡಿಯ ಒಂದು ಕಾಲೇಜಿಗೆ ಪಾಠ ಮಾಡಲು ಹೋದ. ಆಫೀಸಿನ ಯಜಮಾನ ಸಮೀವುಲ್ಲಾ ಮೆಹ್ರೀನ್‌ಳನ್ನು ಕರೆದು, "ಇನ್ಮೇಲೆ ನೀವೇ ನೋಡ್ಕೊಳ್ಳಿ. ಹದಿನೆಂಟು ವರ್ಷದ ಅನುಭವ ಇದೆ, ಇದೇನು ಮಹಾ," ಅಂದರು.

ಒಂದು ವಾರ ಕೂತು ಅವಳು ಒಂದು ಪ್ರೋಗ್ರಾಂ ಬರೆದಳು. ಒಂದು ಲಾಟಿನ ನಂಬರ್ ಕೊಟ್ಟರೆ ಆ ಲಾಟಿನ ಹುಳ ಪಡೆದ ರೈತರ ಪಟ್ಟಿ ಕೊಡಬೇಕು. ಪಟ್ಟಿ ಸರಿಯಾಗಿಯೇ ಬಂತು, ಆದರೆ ಬರಲು ನಲವತ್ತು ನಿಮಿಷ ಹಿಡಿಯಿತು. ಮುಂದಿನ ಶನಿವಾರ ಸಮೀವುಲ್ಲಾ ತಮ್ಮ ಬೈಕಿನ ಬದಲು ಕಾರು ತಂದು ಅವಳನ್ನು ಕನಕಪುರಕ್ಕೆ ಕರೆದುಕೊಂಡು ಹೋದರು.

ಅಲ್ಲಿ ಇದ್ದವರು ಅವರ ಪರಿಚಯದ ಕಾವೇರಮ್ಮ, ಅರವತ್ತೆರಡು ವರ್ಷದವರು. ಬೆಂಗಳೂರಿನ ಒಂದು ಕಾರ್ಖಾನೆಯಲ್ಲಿ ಕಾರ್ಡಿಗೆ ತೂತು ಹೊಡೆಯುವ ಕೆಲಸಕ್ಕೆ ಸೇರಿ, ಕೊನೆಗೆ ಅದೇ ಕಾರ್ಖಾನೆಯ ಡೇಟಾಬೇಸುಗಳನ್ನೆಲ್ಲ ನೋಡಿಕೊಂಡು ನಿವೃತ್ತರಾದವರು. ಈಗ ತಂಗಿಯ ಮನೆಯ ಮಹಡಿಯಲ್ಲಿ ಇದ್ದರು. ಅವರು ಮೆಹ್ರೀನ್ ಬರೆದಿದ್ದನ್ನು ಕನ್ನಡಕ ಏರಿಸಿ ಓದಿದರು.

"ಏನವ್ವ ಇದು? ಹನ್ನೊಂದು ಸಾವಿರ ಸಲ ಹೋಗಿ ಬಾಗ್ಲು ತಟ್ಟಿದ್ದೀಯಲ್ಲ."

"ಒಂದೊಂದೇ ವಿತರಣೆ ತಗೊಂಡು ರೈತ ಯಾರು ಅಂತ ಕೇಳ್ತೀನಿ, ಆಮೇಲೆ ಅವನ ಊರು ಯಾವುದು ಅಂತ..."

"ಅದೇ ನಾನೂ ಯೋಳ್ತಿರೋದು. ಹಂಗೆ ಕೇಳ್ಬ್ಯಾಡ. ಹೆಂಗೆ ಹುಡುಕ್ಬೇಕು ಅಂತ ಅದಕ್ಕೆ ಯೋಳ್ಕೊಡೋಕೆ ಹೋಗ್ಬ್ಯಾಡ. ಏನು ಬೇಕು ಅಂತ ಒಂದೇ ಮಾತಲ್ಲಿ ಯೋಳು. ಮೊದ್ಲು ಕನ್ನಡದಲ್ಲಿ ಯೋಳು ನೋಡಾನ."

ಮೆಹ್ರೀನ್‌ಗೆ ಇರುಸುಮುರುಸಾಯಿತು. ತನ್ನ ಕೈಕೆಳಗೆ ಕಲಿತವರೇ ಈಗ ದೊಡ್ಡ ಕಂಪನಿಗಳಲ್ಲಿ ಇದ್ದಾರೆ. ಆದರೂ ಹೇಳಿದಳು: ಈ ಲಾಟಿನಿಂದ ಹುಳ ಪಡೆದ ರೈತರ ಹೆಸರು, ಊರು, ಫೋನ್ ನಂಬರ್. ಕಾವೇರಮ್ಮ ಅದನ್ನೇ ಡೇಟಾಬೇಸಿಗೆ ಕೇಳುವ ನಾಲ್ಕು ಸಾಲಿನ ಒಂದು ಪ್ರಶ್ನೆಯಾಗಿ, ಕ್ವೆರಿಯಾಗಿ ಬರೆಸಿದರು. ವಿತರಣೆ, ರೈತರು, ಊರುಗಳ ಮೂರು ಟೇಬಲುಗಳು ಒಂದಕ್ಕೊಂದು ಜೋಡಿಕೊಂಡವು. ಎರಡು ಸೆಕೆಂಡಿನಲ್ಲಿ ಪಟ್ಟಿ ಬಂತು.

ಅಂದಿನಿಂದ ಪ್ರತಿ ಶನಿವಾರ ಅವಳು ಬಸ್ಸಿನಲ್ಲಿ ಕನಕಪುರಕ್ಕೆ ಹೋದಳು. ಕಲಿಯುವುದಕ್ಕಿಂತ ಮರೆಯುವುದೇ ಕಷ್ಟವಾಯಿತು. ಕೈ ತಾನಾಗಿಯೇ ಮೊದಲನೆಯದು ತಗೋ, ನೋಡು, ಮುಂದಕ್ಕೆ ಹೋಗು ಅಂತ ಬರೆಯಲು ಹೊರಡುತ್ತಿತ್ತು. ಮೇ ತಿಂಗಳ ಹೊತ್ತಿಗೆ ಅದು ಬಿಟ್ಟುಹೋಯಿತು. ಟೇಬಲಿನ ಸಾವಿರಾರು ಸಾಲುಗಳನ್ನು ಒಂದೇ ಸಲ ಹಿಡಿದು ಯೋಚಿಸಲು ಬಂತು. ಅದು ಬಂದಾಗ ಅವಳಿಗೆ ಖುಷಿಯಾಯಿತು. ಈ ವಯಸ್ಸಿನಲ್ಲಿ ಹೊಸದೊಂದು ತಲೆಗೆ ಹತ್ತುತ್ತದೆ ಅಂತ ಅವಳು ಅಂದುಕೊಂಡಿರಲಿಲ್ಲ.

ಒಂದು ಎಚ್ಚರಿಕೆಯನ್ನು ಕಾವೇರಮ್ಮ ಮೇಲಿಂದ ಮೇಲೆ ಹೇಳುತ್ತಿದ್ದರು. ಏನನ್ನಾದರೂ ಬದಲಾಯಿಸುವ ಮೊದಲು, ವಾಪಸ್ ತಗೊಳ್ಳಲು ಬರುವ ಹಾಗೆ ಟ್ರಾನ್ಸಾಕ್ಷನ್ ಶುರು ಮಾಡು. ಎಷ್ಟು ಸಾಲು ಬದಲಾಗಬೇಕು ಅಂತ ಮೊದಲೇ ಎಣಿಸು. ಬದಲಾಗಿದ್ದು ಅಷ್ಟೇ ಇದ್ದರೆ ಕಮಿಟ್ ಕೊಟ್ಟು ಖಾಯಂ ಮಾಡು. ಒಂದು ಹೆಚ್ಚುಕಮ್ಮಿ ಇದ್ದರೂ ವಾಪಸ್ ತಗೋ. ಮೆಹ್ರೀನ್ ಇದನ್ನು ಒಂದು ಸಲವೂ ತಪ್ಪಿಸಲಿಲ್ಲ.

ಜೂನ್ ಮೊದಲ ವಾರದಲ್ಲಿ ಅವಳು ರೈತರ ಪಟ್ಟಿಯನ್ನು ಶುಚಿ ಮಾಡಲು ಕೂತಳು. ಕೇಂದ್ರದವರು ಅವಸರದಲ್ಲಿ ಒಬ್ಬನನ್ನೇ ಎರಡೆರಡು ಸಲ ಸೇರಿಸಿದ್ದರು. ಹೆಸರು, ತಂದೆಯ ಹೆಸರು, ಊರು ಮೂರೂ ಒಂದೇ ಇದ್ದ ಜೋಡಿಗಳು ಇನ್ನೂರ ಹನ್ನೆರಡು. ಎರಡನೆಯ ದಾಖಲೆಯ ವಿತರಣೆಗಳನ್ನೆಲ್ಲ ಮೊದಲನೆಯದಕ್ಕೆ ವರ್ಗಾಯಿಸಿ, ಎರಡನೆಯದನ್ನು ಅಳಿಸಿದಳು. ಅಳಿಸಬೇಕಿದ್ದುದು ಇನ್ನೂರ ಹನ್ನೆರಡು, ಅಳಿಸಿದ್ದೂ ಇನ್ನೂರ ಹನ್ನೆರಡು. ಕಮಿಟ್ ಕೊಟ್ಟಳು. ಸಮೀವುಲ್ಲಾ ನೋಡಿ, "ಪ್ರಕಾಶ್ ಎರಡು ವರ್ಷದಿಂದ ಮಾಡ್ತೀನಿ ಅಂತಿದ್ದ," ಅಂದರು.

ಜೂನ್ ಕೊನೆಯ ಮಂಗಳವಾರ ಚನ್ನಪಟ್ಟಣ ಕಡೆಯ ಒಂದು ಕೇಂದ್ರದಿಂದ ಫೋನ್ ಬಂತು. ಒಂದು ಲಾಟಿನ ಹುಳಕ್ಕೆ ಗಂಟುರೋಗ ಇರುವುದು ಪರೀಕ್ಷೆಯಲ್ಲಿ ಗೊತ್ತಾಗಿತ್ತು. ಅದಕ್ಕೆ ಔಷಧಿ ಇಲ್ಲ. ಆ ಹುಳವನ್ನೆಲ್ಲ ಸುಟ್ಟು ಇಲ್ಲವೇ ಆಳವಾಗಿ ಹೂತು, ಹುಳದ ಮನೆಗೆ ಬ್ಲೀಚಿಂಗ್ ಪೌಡರ್ ಹೊಡೆಯಬೇಕು. ಆ ಹುಳ ಬೇರೆ ಹುಳದ ಜೊತೆ ಸೇರಲೇಬಾರದು. ಮೆಹ್ರೀನ್ ಲಾಟಿನ ನಂಬರ್ ಹಾಕಿದಳು. ಎರಡು ಸೆಕೆಂಡಿನಲ್ಲಿ ಮೂವತ್ತೇಳು ರೈತರ ಪಟ್ಟಿ ಬಂತು. ಮಧ್ಯಾಹ್ನ ಊಟದ ಹೊತ್ತಿಗೆ ಎಲ್ಲರಿಗೂ ಫೋನ್ ಮಾಡಿ ಮುಗಿದಿತ್ತು. ಕೇಂದ್ರದವರು ಧನ್ಯವಾದ ಹೇಳಿದರು.

ಗುರುವಾರ ಬೆಳಿಗ್ಗೆ ಅದರ ವರದಿ ಬರೆಯುವಾಗ ಅವಳು ಆ ಲಾಟಿನ ವಿತರಣೆಗಳನ್ನು ಎಣಿಸಿದಳು. ಮೂವತ್ತೆಂಟು ಇದ್ದವು. ರೈತರು ಮೂವತ್ತೇಳು. ಯಾರೋ ಒಬ್ಬ ಎರಡು ಸಲ ಹುಳ ಪಡೆದಿರಬೇಕು. ಅದು ಅಕ್ಕೂರಿನ ಕರಿಯಪ್ಪ, ತಂದೆಯ ಹೆಸರು ಚಿಕ್ಕಣ್ಣ. ಹತ್ತು ದಿನದ ಹಿಂದೆ, ಒಂದೇ ದಿನ, ಒಂದು ಸಲ ನೂರು ಮೊಟ್ಟೆಯ ಹುಳ, ಇನ್ನೊಂದು ಸಲ ಎಂಬತ್ತು ಮೊಟ್ಟೆಯದು; ಒಂದು ಚಿಟ್ಟೆ ಇಟ್ಟ ನಾನೂರು ಐನೂರನ್ನು ಈ ಲೆಕ್ಕದಲ್ಲಿ ಒಂದು ಮೊಟ್ಟೆ ಅನ್ನುತ್ತಾರೆ. ಕೇಂದ್ರದವರು ವಿತರಣೆಯ ಜೊತೆ ಸೇರಿಸಿದ್ದ ಸಹಿಯ ಫೋಟೋಗಳನ್ನು ತೆರೆದು ನೋಡಿದಳು. ಒಂದರಲ್ಲಿ ಅಕ್ಷರದ ಸಹಿ, ಇನ್ನೊಂದರಲ್ಲಿ ಹೆಬ್ಬೆಟ್ಟು.

ಇವರು ಇಬ್ಬರು; ಅವಳು ಒಬ್ಬನ ದಾಖಲೆ ಅಳಿಸಿದ ಮೇಲೆ ಕೇಂದ್ರದವರು ಉಳಿದ ಒಂದೇ ಹೆಸರಿಗೆ ಇಬ್ಬರ ಹುಳವನ್ನೂ ಬರೆದಿದ್ದರು. ಎರಡನೆಯವನ ಫೋನ್ ನಂಬರ್ ಅಳಿಸಿದ ದಾಖಲೆಯಲ್ಲಿತ್ತು. ಅಳಿಸಿದ್ದನ್ನು ವಾಪಸ್ ತರಬಲ್ಲ ಬ್ಯಾಕಪ್ ಏಳು ದಿನದ್ದು ಮಾತ್ರ ಉಳಿಯುತ್ತಿತ್ತು. ಅಳಿಸಿ ಮೂರು ವಾರವಾಗಿತ್ತು.

ಸಮೀವುಲ್ಲಾಗೆ ಹೇಳಿದಳು. ಅವರು, "ಒಂದೇ ಊರಲ್ವಾ? ಆ ಕರಿಯಪ್ಪನಿಗೆ ಹೇಳಿದೀವಿ. ಇವನಿಗೂ ಗೊತ್ತಾಗಿರುತ್ತೆ ಬಿಡಿ," ಅಂದರು.

"ಗೊತ್ತಾಗದೇ ಇದ್ರೆ?"

ಅಷ್ಟು ಹೇಳಿ ಅವಳು ಬ್ಯಾಗು ತೆಗೆದುಕೊಂಡು ಇಳಿದಳು. ಚನ್ನಪಟ್ಟಣಕ್ಕೆ ಹೋಗಿ ಅಲ್ಲಿಂದ ಆಟೋದಲ್ಲಿ ಅಕ್ಕೂರು ತಲುಪಿದಾಗ ಹನ್ನೊಂದೂವರೆ. ಅಂಗಡಿಯಲ್ಲಿ ಕೇಳಿದರೆ, "ಯಾವ ಕರಿಯಪ್ಪ? ಮೇಲಿನ ಬೀದಿಯವ್ನಾ, ತೋಟದ ಮನೆಯವ್ನಾ?" ಅಂತ ಕೇಳಿದರು. ಊರಿನಲ್ಲಿ ಯಾರಿಗೂ ಇಬ್ಬರ ನಡುವೆ ಗೊಂದಲ ಇರಲಿಲ್ಲ.

ಮೇಲಿನ ಬೀದಿಯವನಿಗೆ ಮಂಗಳವಾರವೇ ಫೋನ್ ಹೋಗಿತ್ತು. ಅವನು ಹುಳವನ್ನೆಲ್ಲ ಹೊಲದ ಮೂಲೆಯಲ್ಲಿ ಹೂತು, ತನ್ನ ಮನೆಗೆ ರೋಗ ಬಂತು ಅನ್ನುವುದು ನಾಚಿಕೆಯೆಂದು ಯಾರಿಗೂ ಹೇಳಿರಲಿಲ್ಲ. ತೋಟದ ಮನೆಯವನ ಜೊತೆಗಂತೂ ಬಾವಿಯ ದಾರಿಯ ಜಗಳದಿಂದ ಹನ್ನೊಂದು ವರ್ಷ ಮಾತೇ ಇರಲಿಲ್ಲ.

ತೋಟದ ಮನೆಯ ಕರಿಯಪ್ಪ ಹಿಪ್ಪುನೇರಳೆ ಕಡ್ಡಿಯ ಹೊರೆ ಇಳಿಸುತ್ತಿದ್ದ. ಐವತ್ತೈದರ ಆಳು, ತೆಳ್ಳಗೆ. ಮೆಹ್ರೀನ್ ತಾನು ಯಾರು ಅಂತ ಹೇಳಿ, ಮಂಗಳವಾರ ಗೊತ್ತಾದ ರೋಗದ ಸುದ್ದಿ ಹೇಳಿದಳು. ಅವನು ಹೊರೆಯನ್ನು ಅಲ್ಲೇ ಬಿಟ್ಟು ಹುಳದ ಮನೆಯೊಳಗೆ ಹೋದ. ಅವಳೂ ಹಿಂದೆ ಹೋದಳು. ಅಟ್ಟಣೆಯ ಮೇಲೆ ಹುಳಗಳು ಸರಸರ ಸೊಪ್ಪು ತಿನ್ನುತ್ತಿದ್ದವು. ಅವನು ಬಗ್ಗಿ ನೋಡಿದ. ಕೆಲವು ಹುಳ ಬೇರೆಯವುಗಳ ಅರ್ಧದಷ್ಟು ಮಾತ್ರ ಇದ್ದವು.

"ಸೊಪ್ಪು ಸಾಲ್ದು ಅದಕ್ಕೇ ಸಣ್ಣಗವೆ ಅಂದ್ಕಂಡಿದ್ದೆ," ಅಂದ. ಆಮೇಲೆ, "ಮಂಗಳವಾರವೇ ಗೊತ್ತಾಗಿತ್ತು ಅಂದ್ರಲ್ಲ. ನಂಗ್ಯಾಕೆ ಯೋಳ್ಲಿಲ್ಲ?"

"ನಾನು ಮಾಡಿದ ತಪ್ಪು. ನಿಮ್ಮ ಹೆಸರು, ನಿಮ್ಮ ತಂದೆ ಹೆಸರು ಎರಡೂ ಮೇಲಿನ ಬೀದಿ ಕರಿಯಪ್ಪನವರದ್ದರ ಹಾಗೇ ಇತ್ತು. ಒಬ್ಬರೇ ಅಂದ್ಕೊಂಡು ಸೇರಿಸಿಬಿಟ್ಟೆ. ನಿಮ್ಮ ನಂಬರ್ ಹೋಯ್ತು."

"ಅವನ ಜೊತೆ ಸೇರಿಸ್ಬುಟ್ರಾ? ನನ್ನನ್ನ?"

"ಹೌದು."

"ಥೂ," ಅಂದ ಕರಿಯಪ್ಪ. ಹುಳ ಹೋದದ್ದಕ್ಕಿಂತ ಇದೇ ಅವನಿಗೆ ಹೆಚ್ಚು ಚುಚ್ಚಿದಂತಿತ್ತು. "ಲೋಕದಲ್ಲಿ ಬ್ಯಾರೆ ಯಾರೂ ಸಿಕ್ನಿಲ್ವಾ ನಿಮಗೆ?"

ಅಷ್ಟರಲ್ಲಿ ಅವನಿಗೆ ಏನೋ ನೆನಪಾಗಿ ಮುಖ ಬದಲಾಯಿತು. "ನಿನ್ನೆ ಬೈಗಿನಲ್ಲಿ ಒಸಿ ಹುಳ ದಿವ್ಯಂಗೆ ಕೊಟ್ಬುಟ್ಟಿದ್ದೀನಲ್ಲಮ್ಮ," ಅಂದ.

ದಿವ್ಯ ಅವನ ಅಕ್ಕನ ಮಗಳು. ಮೂರು ಮನೆ ಆಚೆ ಇದ್ದಳು. ಅತ್ತೆಯಿಂದ ಬೇರೆಯಾಗಿ, ಸ್ವಂತವಾಗಿ ಹುಳ ಸಾಕಲು ಶುರು ಮಾಡಿ ಇದು ಮೊದಲನೆಯ ಬೆಳೆ. ಅವಳ ತೋಟದಲ್ಲಿ ಸೊಪ್ಪು ಮಿಕ್ಕಿದೆ ಅಂತ ಕರಿಯಪ್ಪ ತನ್ನ ಹುಳದಲ್ಲಿ ಕಾಲು ಭಾಗ ಅವಳಿಗೆ ಕೊಟ್ಟಿದ್ದ. ಅದನ್ನು ಅವಳು ತನ್ನ ಹುಳದ ಜೊತೆಗೇ ಬಿಟ್ಟಿದ್ದಳು. ಈ ಕೊಡು ಕೊಳ್ಳುವಿಕೆ ಯಾವ ಟೇಬಲಿನಲ್ಲೂ ಇರಲಿಲ್ಲ.

ದಿವ್ಯ ಎಲ್ಲವನ್ನೂ ನಿಂತುಕೊಂಡೇ ಕೇಳಿದಳು. ಮಾವನನ್ನೂ ನೋಡಲಿಲ್ಲ, ಮೆಹ್ರೀನ್‌ಳನ್ನೂ ನೋಡಲಿಲ್ಲ.

"ನನ್ನ ಹೆಸ್ರು ನಿಮ್ಮ ಕಂಪ್ಯೂಟ್ರಲ್ಲಿ ಐತಾ?" ಅಂದಳು.

ಮೆಹ್ರೀನ್ ಫೋನಿನಲ್ಲಿ ಹುಡುಕಿದಳು. "ಇದೆ. ನಿಮ್ಮದು ಬೇರೆ ಲಾಟು."

"ಅದಕ್ಕೆ ರೋಗ ಇತ್ತಾ?"

"ಇರಲಿಲ್ಲ."

"ಹಂಗಾದ್ರೆ ನನ್ದು ಚೆನ್ನಾಗಿತ್ತು."

"ಚೆನ್ನಾಗಿತ್ತು," ಅಂದಳು ಮೆಹ್ರೀನ್.

ಎರಡೂ ಮನೆಯ ಹುಳವನ್ನು ಸೊಪ್ಪಿನ ಸಮೇತ ಚೀಲಕ್ಕೆ ತುಂಬಿ ತೋಟದ ಆಚೆ ಗುಂಡಿ ತೋಡಿ ಸುಡಲು ಮೂರು ತಾಸು ಹಿಡಿಯಿತು. ಮೆಹ್ರೀನ್ ಚೀಲ ಹಿಡಿದಳು. ದೊಡ್ಡ ಹುಳಗಳು ಮೈಮೇಲೆ ಹರಿದರೂ ಮೆಹ್ರೀನ್ ಕೈ ಕೊಡವಲಿಲ್ಲ. ಕೊನೆಯ ಚೀಲ ಹಾಕಿದ ಮೇಲೆ ದಿವ್ಯ ಒಂದು ಚೊಂಬು ನೀರು ತಂದು ಕೈ ತೊಳೆಯಲು ಹೊಯ್ದಳು.

ಮುಂದಿನ ಬೆಳೆಯ ಹುಳವನ್ನು ತೋಟದ ಮನೆಯ ಕರಿಯಪ್ಪನಿಗೂ ದಿವ್ಯಳಿಗೂ ಕೇಂದ್ರದಿಂದ ಆಫೀಸಿನ ಖರ್ಚಿನಲ್ಲೇ ಕೊಡಿಸಲು ಸಮೀವುಲ್ಲಾ ಒಪ್ಪಿದರು. ಮೆಹ್ರೀನ್ ಮಾತ್ರ ಆಮೇಲಿನ ಹತ್ತು ದಿನ ಆಫೀಸಿನಲ್ಲಿ ಕೂರಲಿಲ್ಲ. ಏಳೂ ಕೇಂದ್ರಗಳಿಗೆ ಹೋಗಿ ಹಳೆಯ ಕಾಗದದ ರಿಜಿಸ್ಟರುಗಳನ್ನು ತೆಗೆಸಿ, ತಾನು ಸೇರಿಸಿದ ಇನ್ನೂರ ಹನ್ನೆರಡು ಜೋಡಿಗಳನ್ನು ಒಂದೊಂದಾಗಿ ನೋಡಿದಳು. ಸಂಶಯ ಬಂದಲ್ಲಿ ಫೋನ್ ಮಾಡಿದಳು, ಫೋನ್ ಎತ್ತದಿದ್ದಲ್ಲಿ ಊರಿಗೇ ಹೋದಳು. ಇನ್ನೂರ ಮೂರು ಜೋಡಿ ನಿಜವಾಗಿಯೂ ಒಬ್ಬೊಬ್ಬರೇ. ಒಂಬತ್ತು ಜೋಡಿ ಇಬ್ಬಿಬ್ಬರು. ಕಬ್ಬಾಳಿನಲ್ಲಿ ಒಂದೇ ಮನೆಯ ಇಬ್ಬರು ಓರಗಿತ್ತಿಯರು ಹೆಸರಿನಲ್ಲೂ, ತಂದೆಯ ಹೆಸರಿನ ಜಾಗದಲ್ಲಿ ಬರೆಸಿದ ಮಾವನ ಹೆಸರಿನಲ್ಲೂ ಒಂದಾಗಿ ಸಿಕ್ಕರು. ಅವರು ಇದನ್ನು ಕೇಳಿ ಬಹಳ ಹೊತ್ತು ನಕ್ಕರು.

ಕನಕಪುರಕ್ಕೆ ಹೋದಾಗ ಅವಳು ಎಲ್ಲವನ್ನೂ ಕಾವೇರಮ್ಮನಿಗೆ ಹೇಳಿದಳು. ಎಣಿಸಿದ್ದೆ, ಸರಿಯಿತ್ತು, ಅಂತಲೂ ಹೇಳಿದಳು.

"ಎಣಿಸು ಅಂದೆ, ಆದ್ರೆ ಅವ್ರು ಯಾರು ಅಂತ ವಿಚಾರಿಸು ಅಂತ ನಾನೂ ಯೋಳ್ಲಿಲ್ಲ," ಅಂದರು ಕಾವೇರಮ್ಮ. ಕನ್ನಡಕ ತೆಗೆದು, "ಎಂಬತ್ತೊಂಬತ್ತರಲ್ಲಿ ಇಬ್ರು ನಾಗರಾಜು ಅನ್ನೋರ ರಜೆಯನ್ನ ಒಬ್ನಿಗೇ ಹಾಕ್ಬುಟ್ಟಿದ್ದೆ. ಅವ್ನು ಎರಡು ತಿಂಗ್ಳು ಮನೇಲೇ ಇದ್ದ, ಯಾರೂ ಕೇಳ್ನಿಲ್ಲ. ಇನ್ನೊಬ್ನಿಗೆ ರಜೆನೇ ಇಲ್ದೆ ಹೆಂಡ್ತಿ ಹೆರಿಗೆಗೂ ಹೋಗಕ್ಕಾಗ್ನಿಲ್ಲ," ಅಂದರು.

ಆಮೇಲೆ ಅವರು ಆ ಮಾತು ಬಿಟ್ಟು ಡೇಟಾಬೇಸಿನ ಟೇಬಲುಗಳನ್ನು ಬರೆದಿದ್ದ ಕಾಗದ ಎಳೆದುಕೊಂಡರು. ಹೆಸರನ್ನು ನಂಬದೆ ಪ್ರತಿ ರೈತನಿಗೂ ಒಂದು ಸ್ವಂತ ಸಂಖ್ಯೆಯನ್ನು, ಕೇಂದ್ರದಲ್ಲಿ ಅವನೆದುರಿಗೇ, ಹೇಗೆ ಕೊಡಬೇಕು ಅನ್ನುವುದನ್ನು ಇಬ್ಬರೂ ಕೂತು ಬರೆದರು. ರೈತರು ತಮ್ಮ ತಮ್ಮಲ್ಲೇ ಕೊಟ್ಟುಕೊಂಡ ಹುಳಕ್ಕೂ ಒಂದು ಟೇಬಲು ಸೇರಿತು. ಅದನ್ನು ತುಂಬುವವರು ಯಾರು ಅನ್ನುವುದು ಮಾತ್ರ ಅಂದು ಇತ್ಯರ್ಥವಾಗಲಿಲ್ಲ.

ಆಗಸ್ಟಿನಲ್ಲಿ ದಿವ್ಯಳ ಗೂಡು ರಾಮನಗರದ ಮಾರುಕಟ್ಟೆಗೆ ಬಂತು. ಬೆಳೆ ಚೆನ್ನಾಗಿತ್ತು ಅಂತ ಕೇಂದ್ರದವರು ಹೇಳಿದರು. ಆಫೀಸು ಅಲ್ಲಿಂದ ಹತ್ತಿರವೇ ಇದ್ದರೂ ಅವಳು ಮೆಹ್ರೀನ್‌ಳನ್ನು ನೋಡಲು ಬರಲಿಲ್ಲ; ಮೆಹ್ರೀನ್ ಕೂಡ ಹೋಗಲಿಲ್ಲ. ಆ ಶನಿವಾರದ ಪಾಠ ಬ್ಯಾಕಪ್‌ಗಳನ್ನು ಎಷ್ಟು ದಿನ ಇಟ್ಟುಕೊಳ್ಳಬೇಕು ಅನ್ನುವುದರ ಮೇಲಿತ್ತು. ಅವಳು ಒಂಬತ್ತು ಗಂಟೆಯ ಬಸ್ಸಿಗೆ ಹೊರಟಳು.