ಡಾಕ್ಟರ ಚೀಟಿಯಲ್ಲಿ ಗ್ಯಾಸ್ಟ್ರಿಕ್ ಅಂತ ಬರೆಸಬೇಡಿ

ಮೇಲೂರಿನ ನಮ್ಮ ಬೀದಿಯಲ್ಲಿ ಗಂಡಸರಿಗೆ ಬರುವ ಕಾಯಿಲೆ ಒಂದೇ, ಗ್ಯಾಸ್ಟ್ರಿಕ್. ಬೆಳಿಗ್ಗೆ ಕೈ ನಡುಗಿದರೂ ಗ್ಯಾಸ್ಟ್ರಿಕ್, ಊಟ ಸೇರದಿದ್ದರೂ ಗ್ಯಾಸ್ಟ್ರಿಕ್, ಮೋರಿ ಪಕ್ಕ ಮಲಗಿದ್ದರೂ ಗ್ಯಾಸ್ಟ್ರಿಕ್. ಯಾವ ಮನೆಯಲ್ಲೂ ಕುಡಿತ ಅನ್ನುವ ಮಾತು ಹೊಸಿಲು ದಾಟುವುದಿಲ್ಲ.

ಪಕ್ಕದ ಮನೆಯ ನರಸಿಂಹಪ್ಪನಿಗೂ ಅದೇ ಆಗಿತ್ತು. ರೇಷ್ಮೆಹುಳು ಸಾಕುವುದರಲ್ಲಿ ಅವನು ಎತ್ತಿದ ಕೈ. ಆ ಕೈಯೇ ನಡುಗತೊಡಗಿತ್ತು. ಬೆಳಿಗ್ಗೆ ಒಂದು ಪ್ಯಾಕೆಟ್ ಬ್ರಾಂದಿ ಒಳಗೆ ಹೋಗದೆ, ಹಣ್ಣಾದ ಹುಳುವನ್ನು ಎತ್ತಿ ಗೂಡು ಕಟ್ಟುವ ಚಂದ್ರಿಕೆಗೆ ಬಿಡಲು ಆಗುತ್ತಿರಲಿಲ್ಲ.

ಈ ನಡುವೆ ಅವನಿಗೆ ಹರ್ನಿಯಾ ಆಪರೇಷನ್ ಆಗಬೇಕು ಎಂದಾಯಿತು. ಹೆಂಡತಿ ಮುನಿಗಂಗಮ್ಮ ನನ್ನನ್ನೂ ಜೊತೆಗೆ ಹೊರಡಿಸಿದಳು. ಚಿಕ್ಕಬಳ್ಳಾಪುರದ ಬಸ್ಸಿನಲ್ಲಿ ದಾರಿಯುದ್ದಕ್ಕೂ ಗಂಡನಿಗೆ ಪಾಠ ಹೇಳಿಕೊಟ್ಟಳು. ಡಾಕ್ಟರು ಕೇಳಿದರೆ ಹಬ್ಬಕ್ಕೆ ಹುಣ್ಣಿಮೆಗೆ ಒಂಚೂರು ಅನ್ನಬೇಕು, ಅಷ್ಟೇ. ಮಗಳು ಯಾಮಿನಿಗೆ ಮಂಡಿಕಲ್ಲಿನ ಹುಡುಗ ಚೈತನ್ಯನ ಜೊತೆ ಮಾತುಕತೆ ನಡೆಯುತ್ತಿತ್ತು. ಕುಡುಕನ ಮಗಳು ಅಂತ ಸಂಬಂಧ ಮುರಿದು ಬಿದ್ದರೆ ಎಂಬ ಭಯ ಅವಳಿಗೆ.

ಆಸ್ಪತ್ರೆಯಲ್ಲಿ ಅವನ ನಡುಕ, ಬೆವರು ನೋಡಿ ಆಪರೇಷನ್ ಡಾಕ್ಟರು ಮನೋವೈದ್ಯೆ ಗೌತಮಿ ಅವರ ಹತ್ತಿರ ಕಳುಹಿಸಿದರು. ಆ ಹೆಣ್ಣುಮಗಳು ಬಯ್ಯಲಿಲ್ಲ, ಮುಖ ಸಿಂಡರಿಸಲೂ ಇಲ್ಲ. ದಿನಾ ಎಷ್ಟು, ಯಾವಾಗಿಂದ, ಬಿಟ್ಟರೆ ಏನಾಗುತ್ತದೆ ಎಂದು ಕೇಳಿದರು. ಗಂಡ ಬಾಯಿ ತೆರೆಯುವ ಮೊದಲೇ ಮುನಿಗಂಗಮ್ಮ ಗ್ಯಾಸ್ಟ್ರಿಕ್ ಅಂದಳು. ಹಾಗೇ ಬರೆದುಕೊಡಿ ಎಂದು ಕೈಯನ್ನೂ ಮುಗಿದಳು.

ಕುಡಿತದ ಅವಲಂಬನೆ ಒಂದು ಕಾಯಿಲೆ, ಎಲ್ಲ ಕಾಯಿಲೆಗೂ ಇರುವ ಹಾಗೆ ಅದಕ್ಕೂ ಒಂದು ಕೋಡ್ ಇದೆ ಎಂದರು ಡಾಕ್ಟರು. ಎಫ್ 10.2. ಅದು ಮನುಷ್ಯನ ಗುಣಕ್ಕೆ ಕೊಟ್ಟ ಮಾರ್ಕು ಅಲ್ಲ. ಯಾವ ಊರಿನ ಡಾಕ್ಟರು ನೋಡಿದರೂ ಈ ಮೈಗೆ ಏನು ಬೇಕು ಎಂದು ಒಂದೇ ಏಟಿಗೆ ತಿಳಿಯಲಿ ಎಂದು ಮಾಡಿದ ಗುರುತು.

"ಅಮ್ಮಾ, ಗ್ಯಾಸ್ಟ್ರಿಕ್ ಅಂತ ಬರೆದ್ರೆ ವಾರ್ಡಿನೋರು ಗ್ಯಾಸ್ಟ್ರಿಕ್ ಮಾತ್ರೆ ಕೊಡ್ತಾರೆ. ದಿನಾ ಕುಡಿಯೋ ಮೈಗೆ ಇದ್ದಕ್ಕಿದ್ದಂಗೆ ನಿಂತು ಹೋದ್ರೆ ಫಿಟ್ಸ್ ಬರಬಹುದು, ಬುದ್ಧಿ ಕಲಸಿ ಹೋಗಬಹುದು. ಹೊಟ್ಟೆಗೆ ಹೊಲಿಗೆ ಹಾಕಿರೋವಾಗ ಹಂಗಾದ್ರೆ ಉಳಿಸ್ಕೊಳ್ಳೋದು ಕಷ್ಟ."

ಮುನಿಗಂಗಮ್ಮನ ಮುಖ ಬಿಳಿಚಿಕೊಂಡಿತು. ಆದರೂ ಹಟ ಬಿಡಲಿಲ್ಲ. ಈ ಕೋಡು ಮಂಡಿಕಲ್ಲಿನವರ ಕಣ್ಣಿಗೆ ಬಿದ್ದರೆ ಗತಿಯೇನು ಎಂದಳು. ಚಿಕಿತ್ಸೆ ಮಾಡುವವರ ಹೊರತು ಯಾರಿಗೂ, ರೋಗಿಯ ಒಪ್ಪಿಗೆ ಇಲ್ಲದೆ ನಾವಾಗಿ ಹೇಳುವುದಿಲ್ಲ ಎಂದು ಡಾಕ್ಟರು ಸಮಾಧಾನ ಮಾಡಿದರು. ಅವಳು ತಲೆ ಆಡಿಸುತ್ತಲೇ ಇದ್ದಳು. ನನಗೂ ರೇಗಿತು, ಆದರೆ ಅವಳ ಸಂಕಟವೂ ಗೊತ್ತಿತ್ತು.

ಆಗ ನರಸಿಂಹಪ್ಪ ಮಾತಾಡಿದ.

"ಹುಳಕ್ಕೆ ಹಾಲುತೊಂಡೆ ರೋಗ ಬಂದ್ರೆ ಡಬ್ಬಿಲಿ ಹಾಕ್ಕೊಂಡು ರೇಷ್ಮೆ ಇಲಾಖೆ ಸಾಹೇಬ್ರ ತಾವ ಓಡ್ತೀಯ. ಸುಣ್ಣಕಟ್ಟು ರೋಗ ಅಂತ ಸುಳ್ಳು ಹೇಳಿ ಬೇರೆ ಔಷಧಿ ತರಲ್ಲ. ಹುಳದ ವಿಷಯದಲ್ಲಿ ಹೇಳೋ ನಿಜಾನ ನನ್ನ ವಿಷಯದಲ್ಲೂ ಹೇಳೇ ಗಂಗಮ್ಮ. ನಂಗೆ ಬದುಕ್ಬೇಕು ಕಣೇ."

ಮುನಿಗಂಗಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು. ಆಮೇಲೆ ಮೂಗು ಒರೆಸಿಕೊಂಡು ಎಲ್ಲವನ್ನೂ ತಾನೇ ಹೇಳಿದಳು. ಅವನು ಮರೆತದ್ದನ್ನೂ ಬಿಡಲಿಲ್ಲ.

ಡಾಕ್ಟರು ಕೋಡ್ ಬರೆದರು, ಆಪರೇಷನ್ ಮುಂದಕ್ಕೆ ಹೋಯಿತು. ಮೊದಲು ಆಸ್ಪತ್ರೆಯಲ್ಲೇ ಇಟ್ಟುಕೊಂಡು ಕುಡಿತ ಬಿಡಿಸುವ ಔಷಧಿ ಶುರು ಮಾಡಿದರು. ನಡುಕ ಜೋರಾಗಿಯೇ ಬಂತು, ಆದರೆ ನರ್ಸುಗಳು ಅದಕ್ಕೆ ಸಿದ್ಧವಾಗಿದ್ದರು. ಸುಧಾರಿಸಿಕೊಂಡ ಮೇಲೆ ಆಪರೇಷನ್ ಸಲೀಸಾಗಿ ಆಯಿತು. ಮನೆಗೆ ಬಂದ ಮೇಲೆ ಒಮ್ಮೆ ಜಾರಿ ಮತ್ತೆ ಕುಡಿದ ಕೂಡ. ಈ ಸಲ ಮುಚ್ಚಿಡದೆ ಗಂಡ ಹೆಂಡತಿ ಇಬ್ಬರೂ ನೇರ ಡಾಕ್ಟರ ಹತ್ತಿರ ಹೋದರು. ಈಗ ಚೆನ್ನಾಗಿದ್ದಾನೆ.

ಮಂಡಿಕಲ್ಲಿನವರಿಗೆ ವಿಷಯವನ್ನು ಅಪ್ಪನ ಒಪ್ಪಿಗೆ ಪಡೆದು ಯಾಮಿನಿಯೇ ಹೇಳಿದಳು. ಹುಡುಗನ ತಾಯಿ ಮುನಿಗಂಗಮ್ಮನನ್ನು ಅಡುಗೆಮನೆಗೆ ಕರೆದು ಮೆಲ್ಲಗೆ ಕೇಳಿದರಂತೆ: "ಆ ಡಾಕ್ಟ್ರು ಯಾವ ದಿನ ಸಿಕ್ತಾರೆ? ನಮ್ಮ ತಮ್ಮನಿಗೂ ಗ್ಯಾಸ್ಟ್ರಿಕ್ ಇದೆ."

ಇದನ್ನು ಕೇಳುತ್ತಿರುವ ಅಕ್ಕತಂಗಿಯರೇ, ಅಣ್ಣತಮ್ಮಂದಿರೇ, ನಿಮ್ಮ ಮನೆಯಲ್ಲೂ ದಿನಾ ಕುಡಿಯುವವರಿದ್ದರೆ ಹಟಕ್ಕೆ ಬಿದ್ದು ಒಂದೇ ದಿನಕ್ಕೆ ಬಿಡಿಸಲು ಹೋಗಬೇಡಿ, ಡಾಕ್ಟರ ಸಲಹೆ ಬೇಕೇ ಬೇಕು. ಯಾವ ಆಪರೇಷನ್‌ಗೆ ಹೋದರೂ ಕುಡಿತದ ವಿಷಯ ಮೊದಲು ಹೇಳಿ. ಯಾರನ್ನು ಕೇಳುವುದು ಎಂದು ತೋಚದಿದ್ದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ 14416ಕ್ಕೆ ಫೋನ್ ಮಾಡಿ, ಖರ್ಚಿಲ್ಲ, ಕನ್ನಡದಲ್ಲೇ ಮಾತಾಡಬಹುದು. ಬೀದಿಯವರಿಗೆ ಏನು ಬೇಕಾದರೂ ಹೇಳಿಕೊಳ್ಳಿ. ಡಾಕ್ಟರಿಗೆ ಮಾತ್ರ ನಿಜ ಹೇಳಿ, ನಿಮ್ಮವರು ನಿಮಗೆ ಉಳಿಯುತ್ತಾರೆ.