ಬಾಣಂತಿಯ ವಿಳಾಸ

"ಈ ಹೆಣ್ಮಗಳು ಇಷ್ಟು ದಿನ ಎಲ್ಲಿದ್ದಳ್ರಿ?" ಅಮರನಾಥ ಮತ್ತೆ ಕೇಳಿದರು.

ಕಲಬುರಗಿಯಲ್ಲಿ ವಿದೇಶಿಯರ ನೋಂದಣಿ ನೋಡಿಕೊಳ್ಳುವ ಪೊಲೀಸ್ ಅಧಿಕಾರಿ ಅವರು. ಎದುರಿಗೆ ಕೂತಿದ್ದ ತುಮಾ ತಾಂಜಾನಿಯಾದಿಂದ ಓದಲು ಬಂದವಳು. ಕುಸನೂರಿನ ಸುನಂದಾಳ ಮನೆಯ ಮೇಲಿನ ಖೋಲಿಯಲ್ಲಿ ಬಾಡಿಗೆಗಿದ್ದಳು. ತೊಡೆಯ ಮೇಲೆ ಇಲ್ಲೇ ಹುಟ್ಟಿದ ಕೂಸು. ಅವಳ ಊರಿನಲ್ಲಿ ಅಪ್ಪ ಹಾಸಿಗೆ ಹಿಡಿದಿದ್ದ, ಇನ್ನೇನು ಹೋಗುವವನು. ಮೊಮ್ಮಗನ ಮುಖ ನೋಡಬೇಕೆಂದು ಜೀವ ಹಿಡಿದಿದ್ದ. ಆದರೆ ಈ ನೆಲದಲ್ಲಿ ಹುಟ್ಟಿದ ವಿದೇಶಿ ಕೂಸಿಗೂ ದೇಶ ಬಿಡಲು ಪರವಾನಗಿ ಬೇಕು. ವಿಮಾನ ನಾಡಿದ್ದು.

"ನಮ್ಮ ಮನ್ಯಾಗೇ ಇದ್ದಳ್ರಿ," ಎಂದಳು ಪಕ್ಕದಲ್ಲಿ ಕೂತಿದ್ದ ಸುನಂದಾ.

"ನಮ್ಮ ಕಾನ್‌ಸ್ಟೇಬಲ್ ಎರಡು ಸಲ ಬಂದಾನ. ಅಂಥವ್ರು ಇಲ್ಲಿ ಯಾರೂ ಇಲ್ಲಂತ ಅವಗ ಹೇಳಿದವ್ರು ಯಾರು?"

ಹೇಳಿದವಳು ಸುನಂದಾಳೇ. ಖಾಕಿ ಬಟ್ಟೆಯವನು ಬಾಗಿಲಿಗೆ ಬಂದು ಹಸಿ ಬಾಣಂತಿ ಎಲ್ಲಿ ಎಂದರೆ ತೋರಿಸಿಕೊಡಲು ಅವಳಿಗೇನು ತಲೆ ಕೆಟ್ಟಿತ್ತೇ? ಹೊರಗಿನವರ ಕಣ್ಣು ಬಿದ್ದರೆ ತಾಯಿಗೂ ಆಗದು, ಕೂಸಿಗೂ ಆಗದು. ತುಮಾಳ ತವರು ಸಮುದ್ರದಾಚೆ ಇದ್ದುದರಿಂದ ತನ್ನ ತವರಾದ ಕಮಲಾಪುರಕ್ಕೇ ಬಾಣಂತನಕ್ಕೆ ಕಳಿಸಿದ್ದಳು. ವಿದೇಶಿಯರು ವಾಸ ಬದಲಿಸಿದರೆ ಪೊಲೀಸರಿಗೆ ತಿಳಿಸಬೇಕಂತೆ. ತವರಿಗೆ ಹೋಗುವುದನ್ನೂ ತಿಳಿಸಬೇಕೆಂದು ಯಾರಿಗೆ ಹೊಳೆಯಬೇಕು?

"ನಾನೇ ಹೇಳೀನ್ರಿ ಸಾಹೇಬ್ರ," ಎಂದಳು ಕೊನೆಗೆ. "ಕಮಲಾಪುರದಾಗ ನಮ್ಮ ಅವ್ವನ ಹತ್ರ ಇದ್ದಳು."

"ಈಗ ಒಂದು, ಆಗ ಒಂದು. ಯಾವುದು ನಂಬಬೇಕು? ನಡೀರಿ, ಅಲ್ಲೇ ಕೇಳೋಣು. ಸುಳ್ಳಾತಂದ್ರ ವಿಚಾರಣಿ ಮುಗಿಯೋ ತನಕ ಕೂಸು ಎಲ್ಲೂ ಹೋಗಂಗಿಲ್ಲ."

ಜೀಪು ಊರು ದಾಟುತ್ತಿದ್ದಂತೆ ಸುನಂದಾಳಿಗೆ ನೆನಪಾಯಿತು. ಯಾರೇ ಕೇಳಲಿ, ಇಲ್ಲಿ ಯಾರೂ ಇಲ್ಲ ಅನ್ನಿ ಎಂದು ತವರಿನ ಇಡೀ ಓಣಿಗೆ ಆಣೆ ಹಾಕಿಸಿ ಬಂದವಳು ತಾನೇ. ಮೆಲ್ಲಗೆ ಫೋನು ತೆಗೆದಳು.

"ಅದು ಇಲ್ಲಿ ಕೊಡ್ರಿ," ಎಂದು ಅಮರನಾಥ ಹಿಂತಿರುಗದೆಯೇ ಕೈ ಚಾಚಿದರು.

ಕಮಲಾಪುರದ ಓಣಿಯ ಬಾಯಲ್ಲಿ ಜೀಪು ನಿಂತಿತು. ಇಬ್ಬರನ್ನೂ ಒಳಗೇ ಕೂರಿಸಿ ಅವರೊಬ್ಬರೇ ಇಳಿದರು. ಕಿರಾಣಿ ಅಂಗಡಿಯ ನೀಲಕಂಠ ಇಷ್ಟು ದಿನವೂ ತುಮಾಳ ಬಾಣಂತನದ ಉಂಡೆಗೆಂದು ಒಣಕೊಬ್ಬರಿ, ಅಳವಿ ಬೀಜ ಕಟ್ಟಿಕೊಟ್ಟವನು. ಈಗ ಕೈ ಮುಗಿದು, "ಪರದೇಶದವ್ರು ನಮ್ಮ ಓಣ್ಯಾಗ ಯಾಕ ಬರ್ತಾರ್ರಿ?" ಎಂದ. ಮುಂದಿನ ಕಟ್ಟೆಯ ಮೇಲೆ ಬೇಳೆ ಹಸನು ಮಾಡುತ್ತಿದ್ದ ಸುನಂದಾಳ ತಾಯಿ ಶಂಕ್ರಮ್ಮ ತಲೆಯನ್ನೂ ಎತ್ತಲಿಲ್ಲ.

"ನಾ ಒಬ್ಬಾಕಿನೇ ಇರ್ತೀನ್ರಿ. ಕೂಸಿನ ಅಳು ಸೈತ ಕೇಳಿಲ್ಲ."

ಜೀಪಿನಲ್ಲಿ ಸುನಂದಾ ಕಣ್ಣು ಮುಚ್ಚಿಕೊಂಡಳು. ತನ್ನ ಜನ ಇಷ್ಟು ನಿಯತ್ತಿನವರೆಂದು ಅವಳಿಗೆ ಸಿಟ್ಟು ಬಂದದ್ದು ಅದೇ ಮೊದಲು. ತುಮಾಳಿಗೆ ತಡೆಯಲಾಗಲಿಲ್ಲ. ಕೂಸನ್ನೆತ್ತಿಕೊಂಡು ಇಳಿದು ನೇರ ಕಟ್ಟೆಯ ಬಳಿ ಬಂದಳು. ಶಂಕ್ರಮ್ಮ ಮೊರ ಪಕ್ಕಕ್ಕಿಟ್ಟು ಎದ್ದೇಬಿಟ್ಟಳು.

"ಏ ತುಮಾ, ಕಿವಿಗೆ ಅರಿವಿ ಎಲ್ಲಿ? ಇಂಥಾ ಗಾಳ್ಯಾಗ ಕೂಸಿನ್ನ ಹಿಂಗ ತರ್ತಾರೇನು? ನಾ ಏನ ಹೇಳಿ ಕಳಿಸಿದ್ದೆ ನಿನಗ?"

"ಮರ್ತೀನವ್ವ," ಎಂದಳು ತುಮಾ, ಅದೇ ಓಣಿಯ ಕನ್ನಡದಲ್ಲಿ.

ಶಂಕ್ರಮ್ಮ ಆಗಲೇ ತನ್ನ ಸೆರಗಿನಿಂದ ಕೂಸಿನ ತಲೆ ಸುತ್ತುತ್ತಿದ್ದಳು. ಅಮರನಾಥ ಕಟ್ಟೆಯ ತುದಿಯಲ್ಲಿ ಕೂತು, ತಾಯಿ ಕೂಸು ಇಲ್ಲಿಯೇ ಇದ್ದರೆಂದು ಶಂಕ್ರಮ್ಮನ ಹೇಳಿಕೆ ಬರೆದು, ಓದಿ ಹೇಳಿ, ಶಾಯಿ ಡಬ್ಬಿ ತೆರೆದರು.

"ಇಲ್ಲಿ ಹೆಬ್ಬಟ್ಟು ಒತ್ತರಿ."

"ಒತ್ತಿದ್ರ ಏನಾಗ್ತದ್ರಿ?"

"ನಾಳಿಗೆ ಪರವಾನಗಿ ಕೊಡ್ತೀವಿ. ಕೂಸು ಅವ್ರ ದೇಶಕ್ಕ ಹೋಗ್ತದ."

ಮುಂದೆ ಬಂದಿದ್ದ ಶಂಕ್ರಮ್ಮನ ಕೈ ಹಿಂದೆ ಹೋಯಿತು. "ಮತ್ತ ಬರ್ತದೇನ್ರಿ?"

ಹೇಳುವುದಾದರೆ ಅದಕ್ಕೂ ಅಮರನಾಥರ ಬಳಿ ನಿಯಮಗಳಿದ್ದವು. ಅವರು ಶಾಯಿ ಡಬ್ಬಿಯನ್ನು ಇನ್ನಷ್ಟು ಹತ್ತಿರ ಸರಿಸಿದರು.

"ಅವ್ವಾ, ಅಕಿ ಅಪ್ಪ ಕಾಯಾಕತ್ಯಾನ," ಎಂದಳು ಸುನಂದಾ.

ಶಂಕ್ರಮ್ಮ ತುಮಾಳ ತೋಳಿನಿಂದ ಕೂಸನ್ನು ಇಸಿದುಕೊಂಡಳು. "ನೀರು ಕಾದಾವ. ಎರೆದು ಬಂದು ಒತ್ತತೀನ್ರಿ."

ಯಾರೂ ತಡೆಯಲಿಲ್ಲ. ಸ್ವಲ್ಪ ಹೊತ್ತಿಗೆ ಒಳಗಿನ ಬಚ್ಚಲಿನಿಂದ ನೀರು ಸುರಿಯುವ ಸದ್ದು ಬಂತು, ಅದರ ಹಿಂದೆಯೇ ಕೂಸಿನ ಅಳು. ಶಾಯಿ ಒಣಗೀತೆಂದು ಅಮರನಾಥ ಡಬ್ಬಿಯ ಮುಚ್ಚಳ ಹಾಕಿದರು.